ಕುಳ್ಳನಿಗೊಂದು ಸ್ಟಾರ್

ನಮ್ಮ ಕಡೆ ಹುಣಸೆ ಬಡಿಯುವ ಕಾಲ ಬಂತೆಂದರೆ ಹಗಲಿಡೀ ಯಾರ ಮನೆಯ ಬಾಗಿಲೂ ಮುಚ್ಚುತ್ತಿರಲಿಲ್ಲ, ಅಂಥ ದಿನಗಳವು. ಗಂಡಸರು ಬಿದಿರಿನ ಗಳು ಹಿಡಿದು ಮರ ಹತ್ತುತ್ತಿದ್ದರು. ಹೆಂಗಸರು, ಮಕ್ಕಳು ಅಂಗಳದಲ್ಲಿ ಕೂತು ಓಡು ಬಿಡಿಸಿ, ನಾರು ತೆಗೆದು, ಕಲ್ಲಿನ ಮೇಲಿಟ್ಟು ಸುತ್ತಿಗೆಯಿಂದ ಬೀಜ ಹಾರಿಸುತ್ತಿದ್ದರು. ಊರು ತುಂಬ ಟಕ್ ಟಕ್ ಸದ್ದು. ಗಾಳಿಯಲ್ಲೇ ಹುಳಿ. ಉಪ್ಪು, ಹಸಿಮೆಣಸಿನಕಾಯಿ ಸೇರಿಸಿ ಕುಟ್ಟಿದ ಹುಣಸೆಯನ್ನು ಕಡ್ಡಿಗೆ ಮೆತ್ತಿ ಚೀಪುತ್ತಾ ಓಡಾಡುತ್ತಿದ್ದ ನಮಗೆ ಸಂಜೆ ಹೊತ್ತಿಗೆ ನಾಲಿಗೆ ಸುಲಿದು ಸಾರೇ ಸೇರುತ್ತಿರಲಿಲ್ಲ.

ಪೆನ್ನಾಗರಂನಿಂದ ಕಾಡಿನ ಕಡೆ ಹೋಗುವ ಬಸ್ಸು ಹತ್ತಿ, ರಸ್ತೆಬದಿಯ ಮುನಿಯಪ್ಪನ ಗುಡಿ ಹತ್ತಿರ ಇಳಿದು ಒಳಕ್ಕೆ ನಡೆದರೆ ನಮ್ಮೂರು. ರಾಗಿ, ಹುರುಳಿ, ಒಂದಿಷ್ಟು ಕುರಿ, ಹೊಲದ ಬದುವಿನಲ್ಲಿ ಹುಣಸೆಮರ. ಮನೆಯಲ್ಲಿ ಕನ್ನಡ, ಸ್ಕೂಲಲ್ಲಿ ತಮಿಳು, ಸಂತೆಯಲ್ಲಿ ಯಾವುದು ಬಾಯಿಗೆ ಮೊದಲು ಬಂತೋ ಅದು.

ಅಂಥ ಒಂದು ಹುಣಸೆ ಕಾಲದಲ್ಲಿ, ನಾನು ಎಂಟನೇ ಕ್ಲಾಸಿನಲ್ಲಿದ್ದಾಗ, ದೊಡ್ಡವಳಾದೆ. ಅಂಗಳದಲ್ಲಿ ಬೀಜ ಬಿಡಿಸುತ್ತಾ ಕೂತಿದ್ದವಳನ್ನು ಅವ್ವ ಒಳಗೆ ಕರೆದಳು. ಮತ್ತೆ ಆ ಅಂಗಳಕ್ಕೆ ಇಳಿಯಲು ಒಂದು ಕಾಲವೇ ಹಿಡಿಯಿತು.

ಶಾಸ್ತ್ರದ ಪ್ರಕಾರ ಹಸಿ ಸೊಪ್ಪಿನ ಗುಡ್ಲು ಹಾಕಬೇಕಾದವನು ಸೋದರಮಾವ. ನನ್ನ ಮಾಮ ಮುನಿರಾಜು ಸೇಲಂನ ಒಂದು ಲಾರಿಯಲ್ಲಿ ಡ್ರೈವರಾಗಿದ್ದ. ಅವ್ವನಿಗಿಂತ ತುಂಬ ಚಿಕ್ಕವನು. ನಾನು ಕೂಸಾಗಿದ್ದಾಗ ಹೆಗಲ ಮೇಲೆ ಹೊತ್ತು ಕುರಿ ಮೇಯಿಸಿದವನು. ಸುದ್ದಿ ತಿಳಿದು ಮಾರನೆಯ ದಿನವೇ ಬಂದ. ಹೊಂಗೆ ಸೊಪ್ಪು, ಬೇವಿನ ಸೊಪ್ಪು ಕಡಿದು ತಂದು ಮನೆ ಹಿಂದೆ ಗುಡ್ಲು ಕಟ್ಟಿದ. ಅವನ ಜೊತೆ ಅವನ ತಾಯಿ, ಅಂದರೆ ನನ್ನ ಅಜ್ಜಿ, ಬಟ್ಟೆ ಗಂಟು ಸಮೇತ ಬಂದಿಳಿದಳು. ನನ್ನ ಕಾವಲಿಗೆ.

ಸೊಪ್ಪು ಒಣಗಿ ಗುಡ್ಲು ಬಿಚ್ಚಿದ ಮೇಲೆ ನನ್ನನ್ನು ರಾಗಿ ಮೂಟೆ ಇಡುವ ಕೋಣೆಗೆ ಸೇರಿಸಿದರು. ದೊಡ್ಡ ಶಾಸ್ತ್ರವನ್ನು ಹುಣಸೆ ಎಲ್ಲ ಸಂತೆಗೆ ಹೋದ ಮೇಲೆ ನೆಂಟರನ್ನೆಲ್ಲ ಕರೆದು ಮಾಡುವುದೆಂದು ಅಪ್ಪ ತೀರ್ಮಾನಿಸಿದ್ದ. ಅಲ್ಲಿಯ ತನಕ ನಾನು ಹೊಸ್ತಿಲು ದಾಟುವಂತಿಲ್ಲ. ಅಡ್ಡಕ್ಕೆ ಒಂದು ಒನಕೆ ಮಲಗಿಸಿದ್ದರು. ಸ್ನಾನಕ್ಕೋ ಇನ್ನೊಂದಕ್ಕೋ ಹಿತ್ತಲಿಗೆ ಹೋಗಬೇಕಾದರೆ ಗಾಳಿ ಸೋಕಬಾರದೆಂದು ಅಜ್ಜಿ ಕೈಯಲ್ಲಿ ಕುಡುಗೋಲು ಹಿಡಿದು ಹಿಂದೆಯೇ ಬರುತ್ತಿದ್ದಳು.

"ಸ್ಕೂಲು?" ಎಂದು ನಾನು ಕೇಳಿದೆ.

"ಸ್ಕೂಲಾ? ಅದೆಲ್ಲ ಮುಗೀತು ಕಣೇ," ಎಂದಳು ಅಜ್ಜಿ, ಎಲೆಗೆ ಸುಣ್ಣ ಸವರುತ್ತಾ. ಯಾರೋ ಊಟ ಆಯಿತೇ ಎಂದು ಕೇಳಿದ್ದಕ್ಕೆ ಉತ್ತರ ಕೊಟ್ಟಷ್ಟು ಸಲೀಸಾಗಿ.

ಅಪ್ಪನನ್ನು ಕೇಳಲು ಅವನು ಎದುರಿಗೇ ಬರುತ್ತಿರಲಿಲ್ಲ. ಗೋಡೆಯಾಚೆಯಿಂದ ಅವನು ಅವ್ವನಿಗೆ ಹೇಳಿದ್ದು ಕೇಳಿಸಿತು: "ವಯಸ್ಸಿಗೆ ಬಂದ ಉಡ್ಗಿ. ದಿನಾ ಬಸ್ಸಲ್ಲಿ ನೇತಾಡ್ಕೊಂಡು ಪೆನ್ನಾಗರಕ್ಕೆ ಓಗಿ ಬರೋದು ಅಂದ್ರೆ? ನಾಕು ಜನ ಏನಂತಾರೆ?"

ನನಗೆ ಓದಿಗಿಂತ ದೊಡ್ಡ ಸಂಕಟ ಬೇರೆ ಇತ್ತು. ಆ ವರ್ಷ ನಮ್ಮ ಸ್ಕೂಲಿಗೆ ಹೊಸ ಪಿ.ಟಿ. ಟೀಚರ್ ಬಂದಿದ್ದರು. ಮೈದಾನದ ಮೂಲೆಯಲ್ಲಿ ಕಬ್ಬಿಣದ ಕಂಬ ನೆಡಿಸಿ, ಅದಕ್ಕೊಂದು ಬಳೆ ಹಾಕಿಸಿ, ಬಾಸ್ಕೆಟ್‌ಬಾಲ್ ಕಲಿಸಲು ಶುರು ಮಾಡಿದ್ದರು. ಬಲೆ ಇರಲಿಲ್ಲ. ಚೆಂಡೂ ಹಳೆಯದು, ಒಂದು ಕಡೆ ಉಬ್ಬಿತ್ತು. ನಾನು ಕ್ಲಾಸಿನಲ್ಲೇ ಕುಳ್ಳಿ. ಆದರೆ ಕವಣೆ ಬೀಸಿ ಬೆಳೆದ ಕೈ, ದೂರದಿಂದ ಎಸೆದರೆ ಬಳೆಯೊಳಗೇ ಬೀಳುತ್ತಿತ್ತು. ಧರ್ಮಪುರಿಗೆ ಆಡಲು ಹೋಗುವ ತಂಡಕ್ಕೆ ನನ್ನ ಹೆಸರನ್ನೂ ಸೇರಿಸಿದ್ದರು. ಆ ಬಸ್ಸು ನಾನಿಲ್ಲದೆ ಹೋಯಿತು.

ಕೋಣೆಗೆ ಇದ್ದದ್ದು ಒಂದೇ ಕಿಟಕಿ, ನನ್ನ ತಲೆಗಿಂತ ಮೇಲೆ. ರಾಗಿ ಮೂಟೆಯ ಮೇಲೆ ಹತ್ತಿ ನಿಂತರೆ ಹುಣಸೆಮರದ ತುದಿ ಕಾಣುತ್ತಿತ್ತು, ಅಷ್ಟೆ. ಹೊರಗಿನ ಟಕ್ ಟಕ್ ಮಾತ್ರ ಬೆಳಗ್ಗೆಯಿಂದ ಸಂಜೆ ತನಕ. ಯಾರು ಸುತ್ತಿಗೆ ಹಿಡಿದಿದ್ದಾರೆ ಎಂದು ಸದ್ದಿನಿಂದಲೇ ಹೇಳುವಷ್ಟು ಕೇಳಿದೆ. ಬೆಳಗಾದರೆ ಹಸಿ ಮೊಟ್ಟೆ, ಅದರ ಮೇಲೊಂದು ಗುಟುಕು ಒಳ್ಳೆಣ್ಣೆ, ಅಂದರೆ ಎಳ್ಳೆಣ್ಣೆ. ಮಧ್ಯಾಹ್ನ ಬೆಲ್ಲ ಹಾಕಿ ಮುದ್ದೆಯಂತೆ ತೊಳಸಿದ ಉದ್ದಿನ ಕಳಿ. ತಿಂದು, ಮಲಗಿ, ಎದ್ದು, ಮತ್ತೆ ತಿಂದು ಕೊಟ್ಟಿಗೆಯ ಎಮ್ಮೆಯಂತಾಗಿದ್ದೆ. ಎಣ್ಣೆ ವಾಸನೆ, ಗೋಣಿಚೀಲದ ವಾಸನೆ, ಅಜ್ಜಿಯ ಹೊಗೆಸೊಪ್ಪಿನ ವಾಸನೆ ಮೂರೂ ಸೇರಿ ಆ ಕೋಣೆಗೊಂದು ಗಾಳಿಯಿತ್ತು. ಅದನ್ನೇ ಉಸಿರಾಡಬೇಕು.

ಆಗ ಮಾಮ ಮತ್ತೆ ಬಂದ. ಒಂದು ಕೈಯಲ್ಲಿ ಹಳೆಯ ಪೋರ್ಟಬಲ್ ಟೀವಿ, ಇನ್ನೊಂದರಲ್ಲಿ ಬಟ್ಟೆ ಸುತ್ತಿದ ಪೆಟ್ಟಿಗೆ.

"ಲೇ ರಾಜಿ, ಅಳ್ತಿದ್ದೀಯಂತೆ? ನಿಂಗೊಂದು ಸಾಮಾನು ತಂದಿವ್ನಿ, ನೋಡು."

ಅದು ಟೀವಿ ಗೇಮ್. ಮದ್ರಾಸಿಗೆ ಲೋಡು ಇಳಿಸಲು ಹೋದಾಗ ಹಾರ್ಬರ್ ಕಡೆಯ ಒಂದು ಅಂಗಡಿಯಲ್ಲಿ ಕೊಂಡಿದ್ದನಂತೆ. ಪೆಟ್ಟಿಗೆಯ ಮೇಲೆ ಹಳದಿ ಬಣ್ಣದ ಕ್ಯಾಸೆಟ್ ಸಿಕ್ಕಿಸಿ, ಟೀವಿಯ ತಿರುಪನ್ನು ಮೆಲ್ಲಗೆ ತಿರುಗಿಸುತ್ತಾ ಹೋದ. ಬರೀ ಚುಕ್ಕಿ ಚುಕ್ಕಿ, ಜರ್ ಎಂಬ ಸದ್ದು. ನಂತರ ಥಟ್ಟನೆ ಒಂದು ಮೈದಾನ ಮೂಡಿತು. ಎರಡು ಕಡೆ ಎರಡು ಬಳೆ. ನಡುವೆ ಬೆರಳುದ್ದದ ಮನುಷ್ಯರು ಚೆಂಡು ಪುಟಿಸುತ್ತಾ ಓಡುತ್ತಿದ್ದರು.

"ಬಾಸ್ಕೆಟ್‌ಬಾಲ್!" ಎಂದು ಕಿರುಚಿದೆ.

"ನೀನು ಯೋಳಿದ್ದೆಯಲ್ಲ, ಸ್ಕೂಲಲ್ಲಿ ಬಳೆ ಆಕವ್ರೆ ಅಂತ. ಅಂಗಡಿಯೋನು ಕಾರ್ ಓಡ್ಸೋದು, ಗುಂಡು ಒಡ್ಯೋದು ಎಲ್ಲ ತೋರಿಸ್ದ. ನಾನು ಇದೇ ಬೇಕು ಅಂದೆ."

ಮಾಮ ಕೋಣೆಯೊಳಕ್ಕೆ ಬರುವಂತಿರಲಿಲ್ಲ. ಹೊಸ್ತಿಲಾಚೆ ನಡುಮನೆಯಲ್ಲಿ ಚಕ್ಕಳಮಕ್ಕಳ ಹಾಕಿ ಕೂತ. ನಾನು ಈಚೆ ಮೂಟೆಗೆ ಒರಗಿ ಕೂತೆ. ಗೇಮಿಗೆ ಗುಂಡಿ ಒತ್ತಿ ಆಡುವ ಎರಡು ಹಿಡಿಗಳಿದ್ದವು. ಒಂದರ ವೈರು ಒನಕೆಯ ಮೇಲೆ ಹಾದು ಅವನ ಕೈಗೆ ಹೋಯಿತು. ಅಜ್ಜಿ ಮಧ್ಯದಲ್ಲಿ ಕಾವಲು ಕೂತು ಎಲೆ ಮೆಲ್ಲುತ್ತಿದ್ದಳು.

ಆ ಆಟದ ಸೊಗಸೇ ಬೇರೆ. ಒಂದು ಮ್ಯಾಚು ಗೆದ್ದರೆ ಟೀವಿಯಲ್ಲಿ ನಮ್ಮ ಐವರು ಆಟಗಾರರು ಸಾಲಾಗಿ ನಿಲ್ಲುತ್ತಿದ್ದರು. ಮೇಲೆ ಒಂದು ಸ್ಟಾರ್ ಮಿನುಗುತ್ತಿತ್ತು. ಒಬ್ಬೊಬ್ಬನ ಪಕ್ಕದಲ್ಲೂ ನಾಲ್ಕು ಗುರುತು: ಓಟಕ್ಕೆ ಬೂಟು, ನೆಗೆತಕ್ಕೆ ಸ್ಪ್ರಿಂಗು, ಕಿತ್ತುಕೊಳ್ಳುವುದಕ್ಕೆ ಕೈ, ಎಸೆಯುವುದಕ್ಕೆ ಚೆಂಡು. ಸ್ಟಾರನ್ನು ಯಾರ ಯಾವ ಗುರುತಿಗೆ ಕೊಡಬೇಕೆಂದು ನಾವೇ ಆರಿಸಬೇಕು. ಸ್ಪ್ರಿಂಗಿಗೆ ಕೊಟ್ಟರೆ ಅವನು ಮುಂದಿನ ಮ್ಯಾಚಿನಲ್ಲಿ ಒಂದು ಗೇಣು ಹೆಚ್ಚು ನೆಗೆಯುತ್ತಿದ್ದ. ಬೂಟಿಗೆ ಕೊಟ್ಟರೆ ಕಾಲು ಚುರುಕಾಗುತ್ತಿತ್ತು. ನಮ್ಮ ಕಣ್ಣೆದುರೇ, ನಮ್ಮ ಕೈಯಿಂದಲೇ.

ಕಪ್ಪು ಬಿಳುಪು ಟೀವಿಯಲ್ಲಿ ನಮ್ಮವರೂ ಬೂದಿ ಬಣ್ಣ, ಎದುರಿನವರೂ ಬೂದಿ ಬಣ್ಣ. ಮೊದಮೊದಲು ಯಾರು ಯಾರೆಂದೇ ತಿಳಿಯದೆ ಎದುರಾಳಿಗೇ ಚೆಂಡು ಕೊಡುತ್ತಿದ್ದೆ. ಕುರಿ ಮಂದೆಯಲ್ಲಿ ಬೆಳೆದ ಅಜ್ಜಿಗೆ ಅದೊಂದು ಕಷ್ಟವೇ ಅಲ್ಲ. ಎರಡೇ ದಿನದಲ್ಲಿ ಐವರಿಗೂ ಹೆಸರಿಟ್ಟುಬಿಟ್ಟಳು. ದಪ್ಪಗಿದ್ದವನು ಟಗರು. ತಲೆ ಬೋಳಾಗಿದ್ದವನು ಬೋಳ. ಉದ್ದ ಕಾಲಿನವನು ಕೊಕ್ಕರೆ. ಸದಾ ಹಿಂದೆ ಉಳಿಯುತ್ತಿದ್ದವನು ಸೋಂಬೇರಿ. ಎಲ್ಲರಿಗಿಂತ ಗಿಡ್ಡಗಿದ್ದವನು ಕುಳ್ಳ.

"ಆ ಸ್ಟಾರು ಕುಳ್ಳಂಗೆ ಕೊಡೇ. ಪಾಪ, ಎಗರೋಕ್ಕೆ ಆಗ್ದೆ ಒದ್ದಾಡ್ತಾನೆ."

"ಅಜ್ಜೀ, ಕೊಕ್ಕರೆಗೆ ಕೊಟ್ರೆ ಗೆಲ್ಬೋದು. ಕುಳ್ಳ ಎಷ್ಟು ಎಗರಿದ್ರೂ ಅಷ್ಟೇ."

"ಗೆದ್ದು ಯಾವ ರಾಜ್ಯ ಆಳ್ಬೇಕೆ? ಬಡವಾಗಿರೋ ಮರಿಗೆ ಮೊದ್ಲು ಇಂಡಿ ಆಕ್ಬೇಕು."

ಕುಳ್ಳನಿಗೇ ಕೊಟ್ಟೆ. ಅವನು ಮುಂದಿನ ಮ್ಯಾಚಿನಲ್ಲಿ ಒಂದು ಚೂರು ಮೇಲೆ ನೆಗೆದಾಗ ಅಜ್ಜಿ ಬೊಚ್ಚುಬಾಯಿ ತೆರೆದು ನಕ್ಕಳು. ಆ ಕೋಣೆ ಸೇರಿದ ಮೇಲೆ ನಾನೂ ನಕ್ಕದ್ದು ಅದೇ ಮೊದಲು.

ಆದರೆ ಒಂದು ಶಾಪವಿತ್ತು. ಪೆಟ್ಟಿಗೆ ಆರಿಸಿದರೆ ಅದಕ್ಕೆ ಏನೂ ನೆನಪಿರುತ್ತಿರಲಿಲ್ಲ. ಗಳಿಸಿದ ಸ್ಟಾರುಗಳೆಲ್ಲ ಹೋಗಿ, ಕುಳ್ಳ ಮತ್ತೆ ನೆಲ ಬಿಟ್ಟು ಏಳಲಾರದ ಕುಳ್ಳನೇ. ನಮ್ಮೂರಿನ ಕರೆಂಟಿನ ಕತೆಯಂತೂ ಕೇಳುವುದೇ ಬೇಡ. ಬೆಳಗಿನಿಂದ ಆಡಿ, ಬೆರಳ ತುದಿ ಕೆಂಪಾಗಿ, ಕುಳ್ಳನ ಸ್ಪ್ರಿಂಗಿಗೆ ಅರ್ಧದಷ್ಟು ಸ್ಟಾರು ತುಂಬಿಸಿರುತ್ತಿದ್ದೆ. ಪಕ್ಕನೆ ಟೀವಿ ಕಪ್ಪಾಗುತ್ತಿತ್ತು. ಕಪ್ಪು ಗಾಜಿನಲ್ಲಿ ನನ್ನ ಮುಖ, ಹಿಂದೆ ಅಜ್ಜಿಯ ಮುಖ. ಮತ್ತೆ ಮೊದಲಿನಿಂದ. ಒಂದು ದಿನ ಹೀಗೆ ಹೋದಾಗ ಹಿಡಿಯನ್ನು ಗೋಡೆಗೆ ಎಸೆದು, ರಾಗಿ ಮೂಟೆಗೆ ಮುಖವೊತ್ತಿ ಅತ್ತೆ. ಆಟಕ್ಕಾಗಿ ಅತ್ತೆನೋ, ಆಟದ ನೆಪದಲ್ಲಿ ಅತ್ತೆನೋ. ಅಜ್ಜಿ ಬೆನ್ನು ಸವರುತ್ತಾ, "ಬರ್ತೈತೆ ಬಿಡು, ಕರೆಂಟು ಬರ್ತೈತೆ," ಅನ್ನುತ್ತಲೇ ಇದ್ದಳು.

ಮುಂದಿನ ಸಲ ಬಂದಾಗ ಅಜ್ಜಿಯೇ ಮಾಮನಿಗೆ ಇದನ್ನೆಲ್ಲ ವರದಿ ಮಾಡಿದಳು. ಅವನು ತಲೆ ಕೆರೆದುಕೊಂಡು ಹೋದ. ಮರಳಿ ಬರುವಾಗ ಲಾರಿಯ ಒಂದು ಹಳೆಯ ಬ್ಯಾಟರಿಯನ್ನು ಹೆಗಲ ಮೇಲೆ ಹೊತ್ತು ತಂದ. ಸೇಲಂನಲ್ಲಿ ರೇಡಿಯೋ ರಿಪೇರಿಯವನ ಕೈಲಿ ಅದಕ್ಕೆ ತಕ್ಕ ವೈರೂ ಮಾಡಿಸಿದ್ದ. ಟೀವಿಯೂ ಪೆಟ್ಟಿಗೆಯೂ ಅದರಲ್ಲೇ ಓಡುವ ಹಾಗೆ.

"ಇನ್ಮೇಲೆ ಪೆಟ್ಟಿಗೆ ಆರಿಸ್ಲೇಬ್ಯಾಡ. ಟೀವಿ ಮಾತ್ರ ಆರಿಸು. ಬ್ಯಾಟ್ರಿ ಇಳಿಯೋಷ್ಟ್ರಲ್ಲಿ ನಾನು ಬರ್ತೀನಿ."

ಬಂದಾಗಲೆಲ್ಲ ಹೊಸದಾಗಿ ಚಾರ್ಜ್ ಮಾಡಿದ ಬ್ಯಾಟರಿ ತರುತ್ತಿದ್ದ. ಹೊಸದನ್ನು ಸಿಕ್ಕಿಸಿದ ಮೇಲೆಯೇ ಹಳೆಯದನ್ನು ಬಿಚ್ಚಬೇಕು. ಅವನು ಹೊಸ್ತಿಲಾಚೆಯಿಂದ ಹೇಳಿಕೊಡುತ್ತಿದ್ದ, ನಾನು ಉಸಿರು ಬಿಗಿಹಿಡಿದು ವೈರು ಬದಲಿಸುತ್ತಿದ್ದೆ. ಪೆಟ್ಟಿಗೆಯ ಕೆಂಪು ದೀಪ ಒಮ್ಮೆ ಕಣ್ಣು ಮಿಟುಕಿಸಿದರೂ ಅಜ್ಜಿ "ಮಾದೇವ್ರೇ" ಎಂದು ಕೈ ಮುಗಿಯುತ್ತಿದ್ದಳು.

ಹಾಗೆ ನಮ್ಮವರು ಬೆಳೆದರು. ಟಗರಿಗೆ ಕೈ ಬಂತು, ಚೆಂಡು ಕಿತ್ತುಕೊಳ್ಳುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಸೋಂಬೇರಿ ಬೂಟು ಕಟ್ಟಿಕೊಂಡು ಗಾಳಿಯಾದ. ಕುಳ್ಳನ ಸ್ಪ್ರಿಂಗು ತುಂಬಿದ ದಿನ ಅವನು ನೆಗೆದು, ಎರಡೂ ಕೈಯಿಂದ ಬಳೆಗೆ ಜೋತುಬಿದ್ದು ಚೆಂಡನ್ನು ಒಳಗೆ ಗುದ್ದಿದ. ಅಂಥದ್ದೊಂದು ಆ ಆಟದಲ್ಲಿ ಇದೆಯೆಂದೇ ನಮಗೆ ಗೊತ್ತಿರಲಿಲ್ಲ. ಅಜ್ಜಿ ಎದ್ದು ನಿಂತು ಚಪ್ಪಾಳೆ ತಟ್ಟಿದಳು. ಅಡುಗೆಮನೆಯಿಂದ ಅವ್ವ ಸೌಟು ಹಿಡಿದೇ ಓಡಿ ಬಂದು, ಏನಾಯಿತೋ ಎಂದು ಹೊಸ್ತಿಲಲ್ಲಿ ನಿಂತಳು.

ಅಷ್ಟರಲ್ಲಿ ಪಕ್ಕದ ಮನೆಯ ಶಾಂತಿ, ನನ್ನ ಕ್ಲಾಸಿನವಳು, ಕಿಟಕಿಯ ಕೆಳಗೆ ಬಂದು ಕೂಗಿ ಹೇಳಿಹೋದಳು: ಪರೀಕ್ಷೆ ಹತ್ತಿರ ಬಂತಂತೆ. ಪಿ.ಟಿ. ಟೀಚರ್ "ರಾಜಿ ಎನ್ನಾನಾಳ್?" ಎಂದು ತಮಿಳಿನಲ್ಲಿ ಎರಡು ಸಲ ಕೇಳಿದರಂತೆ. ರಾಜಿ ಏನಾದಳು? ಮೂಟೆ ಹತ್ತಿ ಉತ್ತರ ಹೇಳುವಷ್ಟರಲ್ಲಿ ಶಾಂತಿ ಹೋಗಿಬಿಟ್ಟಿದ್ದಳು.

ಒಂದು ಮಧ್ಯಾಹ್ನ ಅಜ್ಜಿ ಗೊರಕೆ ಹೊಡೆಯುತ್ತಿದ್ದಳು. ನಾನು ಸದ್ದು ತಗ್ಗಿಸಿಕೊಂಡು ಆಡುತ್ತಿದ್ದೆ. ನಡುಮನೆಯಲ್ಲಿ ಅಪ್ಪ ಅವ್ವ ಊಟಕ್ಕೆ ಕೂತಿದ್ದರು.

"ಶಾಸ್ತ್ರದ ದಿನಾನೇ ಎಲೆ ಅಡಿಕೆ ಬದಲಾಯ್ಸಿಬಿಡಾನ," ಎಂದ ಅಪ್ಪ. "ಮುನಿರಾಜೂಗೆ ಕೊಟ್ರೆ ಉಡ್ಗಿ ಕಣ್ಮುಂದೆ ಇರ್ತಾಳೆ. ನಿಮ್ಮವ್ವನ ಆಸೇನೂ ಅದೇಯಾ."

"ಅವಳಿನ್ನೂ ಕೂಸು," ಎಂದಳು ಅವ್ವ.

"ಈಗ್ಲೇ ಮದ್ವೆ ಅಂದ್ನಾ? ವರ್ಷ ಕಳೀಲಿ. ನೋಡಾಕಿಲ್ವಾ ನೀನು, ಎಂಗೆ ಓಡೋಡಿ ಬತ್ತಾನೆ ಬ್ಯಾಟ್ರಿ ಒತ್ಕೊಂಡು?"

ಹಿಡಿ ನನ್ನ ಕೈಯಲ್ಲೇ ಇತ್ತು. ಟೀವಿಯಲ್ಲಿ ಎದುರಿನವರು ಒಂದರ ಮೇಲೊಂದು ಬಾಸ್ಕೆಟ್ ಹಾಕುತ್ತಿದ್ದರು. ಮಾಮ ಎಂದರೆ ಹೆಗಲು. ಮಾಮ ಎಂದರೆ ಲಾರಿಯ ಮುಂದಿನ ಸೀಟು, ಪಾಲಕೋಡಿನ ಸಂತೆಯಿಂದ ತರುತ್ತಿದ್ದ ಕಬ್ಬಿನ ಜಲ್ಲೆ. ಅಜ್ಜಿಯನ್ನು ಎಬ್ಬಿಸಿ ಕೇಳಿದೆ.

ಅವಳು ಮುಚ್ಚಿಡಲಿಲ್ಲ. "ಊಂ ಕಣೇ. ಒರಗಿನೋಳು ಯಾವಳೋ ಬಂದ್ರೆ ನನ್ನ ನೋಡ್ತಾಳಾ? ನೀನಾದ್ರೆ ನನ್ ಕರುಳು. ಅಲ್ಲೂ ಇಂಗೇ ಇಬ್ರೂ ಕೂತು ಆಡ್ಕೊಂಡಿರಾನ," ಎಂದು ನನ್ನ ಗಲ್ಲ ಮುಟ್ಟಿದಳು. ಅವಳ ಕಣ್ಣಲ್ಲಿದ್ದದ್ದು ಪ್ರೀತಿಯೇ. ಅದಕ್ಕೇ ನನಗೆ ಉಸಿರು ಕಟ್ಟಿತು. ಬೈಯುವವರಾಗಿದ್ದರೆ ಎದುರು ಬೀಳಬಹುದಿತ್ತು. ಎಣ್ಣೆ ಕುಡಿಸಿ, ಕಳಿ ತಿನ್ನಿಸಿ, ತಲೆ ಬಾಚಿ, ಎಲ್ಲರೂ ನನ್ನನ್ನು ಅಕ್ಕರೆಯಿಂದಲೇ ಕಟ್ಟಿಹಾಕುತ್ತಿದ್ದರು.

ಆಮೇಲಿನ ದಿನಗಳಲ್ಲಿ ಆಡಿದೆ, ಆದರೆ ರುಚಿ ಹೋಗಿತ್ತು. ಗೆಲ್ಲುತ್ತಿದ್ದೆ, ಸ್ಟಾರ್ ಮಿನುಗುತ್ತಿತ್ತು, ಕಣ್ಣು ಮುಚ್ಚಿ ಯಾರಿಗೋ ಒತ್ತುತ್ತಿದ್ದೆ. ಆಡದಿದ್ದರೆ ಸುತ್ತಿಗೆಯ ಸದ್ದು ಕೇಳುತ್ತಾ ಕೂರಬೇಕು. ಅದೂ ದಿನದಿನಕ್ಕೆ ಕಡಿಮೆಯಾಗುತ್ತಿತ್ತು. ಹುಣಸೆ ಮುಗಿಯುತ್ತಾ ಬಂದಿತ್ತು. ಅದು ಪೂರ್ತಿ ನಿಂತರೆ ಶಾಸ್ತ್ರ.

ಮಾಮ ಬಂದ. ಎಂದಿನಂತೆ ಬ್ಯಾಟರಿ ಇಳಿಸಿ, ಬೆವರು ಒರೆಸಿ, "ಲೇ ರಾಜಿ, ಟಗರು ಎಂಗಿದ್ದಾನೆ?" ಎನ್ನುತ್ತಾ ಹೊಸ್ತಿಲಾಚೆ ಕೂತ. ಅಜ್ಜಿ ಅವನಿಗೆ ಮಜ್ಜಿಗೆ ತರಲು ಎದ್ದು ಹೋದಳು. ನಾವಿಬ್ಬರೂ ಒಂದೇ ತಂಡದಲ್ಲಿ ಆಡಲು ಶುರು ಮಾಡಿದೆವು. ನಾನು ಟೀವಿಯಿಂದ ಕಣ್ಣು ತೆಗೆಯದೆ ಕೇಳಿದೆ.

"ಮಾಮಾ, ನನ್ನ ನಿಂಗೇ ಕೊಡ್ತಾರಂತೆ. ನಿಜವಾ?"

ಅವನ ಬೆರಳು ನಿಂತಿತು. ಚೆಂಡು ಹಿಡಿದಿದ್ದ ಬೋಳ ನಿಂತಲ್ಲೇ ನಿಂತ. ಅಷ್ಟು ಹೊತ್ತು ಚೆಂಡು ಇಟ್ಟುಕೊಳ್ಳುವಂತಿಲ್ಲ ಎಂದು ಪೆಟ್ಟಿಗೆ ಕೀಂ ಎಂದು ಸೀಟಿ ಊದಿತು.

"ಯಾರು ಯೋಳಿದ್ರು?"

"ಎಲ್ರಿಗೂ ಗೊತ್ತು. ನಿಂಗೂ ಗೊತ್ತು."

ಅವನು ಇಲ್ಲವೆನ್ನಲಿಲ್ಲ. ಹಿಡಿ ಕೆಳಗಿಟ್ಟು, "ನಿಂಗೇನು ಬೇಕು?" ಎಂದು ಕೇಳಿದ. ಆ ಕಾಲದಲ್ಲಿ ಆ ಮನೆಯಲ್ಲಿ ನನ್ನನ್ನು ಯಾರೂ ಕೇಳದಿದ್ದ ಪ್ರಶ್ನೆ ಅದು.

"ಸ್ಕೂಲಿಗೆ ಓಗ್ಬೇಕು ಮಾಮ."

"ಅಷ್ಟೇನಾ?"

"ಬಳೆಗೆ ಚೆಂಡು ಎಸೀಬೇಕು. ಇದ್ರಲ್ಲಿ ಅಲ್ಲ. ನಿಜವಾದ್ದು."

ಅಜ್ಜಿ ಮಜ್ಜಿಗೆ ಲೋಟ ಹಿಡಿದು ಬಂದಳು. ಅವನು ಒಂದೇ ಗುಟುಕಿಗೆ ಕುಡಿದು ಮತ್ತೆ ಹಿಡಿ ಕೈಗೆತ್ತಿಕೊಂಡ. ಆ ಮ್ಯಾಚು ಗೆದ್ದೆವು. ಸ್ಟಾರ್ ಬಂತು. ಯಾರಿಗೆ ಎಂದು ಕೇಳಿದೆ. "ನಿಂಗೆ ಯಾರಿಗೆ ಇಷ್ಟಾನೋ ಅವ್ರಿಗೆ," ಎಂದು ಎದ್ದು ಹೋದ. ಸ್ಟಾರನ್ನು ಯಾರಿಗೂ ಕೊಡದೆ ಟೀವಿ ಆರಿಸಿ, ಅವತ್ತಿಡೀ ಗೋಡೆ ನೋಡುತ್ತಾ ಕೂತೆ.

ಶಾಸ್ತ್ರದ ದಿನ ಅಂಗಳಕ್ಕೆ ಚಪ್ಪರ ಹಾಕಿದ್ದರು. ಮಾಮ ತಟ್ಟೆಗಳಲ್ಲಿ ಸೀರೆ, ಹೂವು, ಹಣ್ಣು, ಬಳೆ ಹೊರಿಸಿಕೊಂಡು ಬಂದ. ಅಷ್ಟು ದಿನ ಕತ್ತಲಲ್ಲಿದ್ದ ನನಗೆ ಬಿಸಿಲಿಗೆ ಕಣ್ಣು ಬಿಡಲಾಗುತ್ತಿರಲಿಲ್ಲ. ಭಾರದ ಸೀರೆ ಉಡಿಸಿ, ಮಣೆಯ ಮೇಲೆ ಕೂರಿಸಿ, ಹೆಂಗಸರು ಆರತಿ ಎತ್ತಿದರು. ಊಟಕ್ಕೆ ಮೊದಲು ಅಪ್ಪ ತಾಂಬೂಲದ ತಟ್ಟೆ ಹಿಡಿದು ಎಲ್ಲರ ಮುಂದೆ ಎದ್ದು ನಿಂತ.

"ಏನ್ ಮುನಿರಾಜು, ಅಕ್ಕನ ಮಗಳು ನಿಂಗೇ ಅಂತ ನಾಕು ಜನದ ಮುಂದೆ ಯೋಳ್ಬಿಡಾನಾ?"

ಮಾಮ ಟವೆಲ್ಲು ಕೊಡವಿ ಎದ್ದ. "ಸೆರಿ ಬಾವ. ಉಡ್ಗಿ ನಂಗೇ. ಬೇರೆ ಯಾರೂ ಕೇಳೋಂಗಿಲ್ಲ."

ನನಗೆ ಚಪ್ಪರವೇ ತಲೆ ಮೇಲೆ ಬಿದ್ದಂತಾಯಿತು. ಅವನ ಮಾತು ಮುಗಿದಿರಲಿಲ್ಲ.

"ಆದ್ರೆ ಒಂದು ಮಾತು. ನಾನು ಊರೂರು ತಿರುಗೋನು. ಲೋಡಿನ ಬಿಲ್ಟಿ ಚೀಟಿ ಓದೋಕ್ಕೂ ಕ್ಲೀನರ್‌ನ ಕೇಳ್ಬೇಕು. ನನ್ ಎಂಡ್ತಿಯಾಗೋಳು ಅತ್ತನೇ ಕ್ಲಾಸ್ ಪಾಸಾಗಿರ್ಬೇಕು. ಓದ್ದೇ ಇರೋ ಉಡ್ಗಿ ನಂಗೆ ಬ್ಯಾಡ. ನಾಳೆಯಿಂದ್ಲೇ ಸ್ಕೂಲಿಗೆ ಕಳ್ಸಿ. ಅಲ್ಲೀ ಗಂಟ ಮದ್ವೆ ಮಾತು ಎತ್ತಂಗಿಲ್ಲ."

ಜನ ನಕ್ಕರು. "ಎಂಡ್ತಿ ಕೈಲಿ ಬಿಲ್ಟಿ ಓದಿಸ್ತಾನಂತೆ!" ಎಂದು ಯಾರೋ ಚುಡಾಯಿಸಿದರು. ಅಪ್ಪನ ಮುಖ ಗಂಟಿಕ್ಕಿತು. ಆದರೆ ಸೋದರಮಾವನ ಮಾತು, ಅದರಲ್ಲೂ ಹೆಣ್ಣು ಕೇಳಿದವನ ಮಾತು. ಸಭೆಯಲ್ಲಿ ತೆಗೆದುಹಾಕುವಂತಿರಲಿಲ್ಲ. ತಟ್ಟೆ ಬದಲಾಯಿತು. ನಾನು ತಲೆ ಎತ್ತಿ ಮಾಮನನ್ನು ನೋಡಲಿಲ್ಲ. "ನಂಗೇ" ಎಂದ ಒಂದೇ ಮಾತು ಕಿವಿಯಲ್ಲಿ ಕೂತಿತ್ತು. ಸ್ಕೂಲು ಸಿಕ್ಕಿತು. ಆದರೆ ಹಗ್ಗ ಉದ್ದವಾದದ್ದೇ ಹೊರತು ಬಿಚ್ಚಲಿಲ್ಲ ಎಂದು ಹದಿಮೂರರ ನನಗೆ ಅನ್ನಿಸಿತು.

ಮರುದಿನ ಬಸ್ಸು ಹತ್ತಿದೆ. ಪಿ.ಟಿ. ಟೀಚರ್ ಏನೂ ಕೇಳದೆ ಚೆಂಡು ನನ್ನ ಕಡೆ ಎಸೆದರು. ಎಣ್ಣೆ ತುಪ್ಪದಲ್ಲಿ ಮೈ ಭಾರವಾಗಿತ್ತು, ನಾಲ್ಕು ಹೆಜ್ಜೆ ಓಡಿದರೆ ಏದುಸಿರು. ಮೊದಲ ಎಸೆತ ಬಳೆಯ ಹತ್ತಿರಕ್ಕೂ ಹೋಗಲಿಲ್ಲ. ಮತ್ತೆ ಮತ್ತೆ ಎಸೆದೆ. ಪರೀಕ್ಷೆ, ಆಟ, ಬಿಟ್ಟುಹೋದ ಪಾಠ ಎಂದು ಒಂದರ ಹಿಂದೆ ಒಂದು ಬಂದವು. ಮಾಮನ ಲಾರಿ ಉತ್ತರದ ಕಡೆ ದೂರದ ಟ್ರಿಪ್ಪಿಗೆ ಹೋಗಿತ್ತು. ಒಂದು ಸಂಜೆ ಸ್ಕೂಲಿಂದ ಬಂದಾಗ ಅಜ್ಜಿ ಕೋಣೆಯ ಬಾಗಿಲಲ್ಲಿ ಕೂತಿದ್ದಳು.

"ದೀಪ ಆರೋಗೈತೆ ಕಣೇ. ಕುಳ್ಳ ಓಗ್ಬಿಟ್ಟ."

ಬ್ಯಾಟರಿ ಇಳಿದಿತ್ತು. ಎಂದು ಆರಿತೋ ನಾನು ಗಮನಿಸಿರಲಿಲ್ಲ. ಆ ತಂಡ ಆಡಬೇಕಿದ್ದ ಕೊನೆಯ ಮ್ಯಾಚನ್ನು ನಾವು ನೋಡಲೇ ಇಲ್ಲ. ನನಗೆ ಅಂಥ ದುಃಖವೂ ಆಗಲಿಲ್ಲ. ಅಜ್ಜಿ ಮಾತ್ರ ಅವತ್ತು ಸರಿಯಾಗಿ ಉಣ್ಣಲಿಲ್ಲ.

ಹತ್ತನೇ ಕ್ಲಾಸಿನ ರಿಸಲ್ಟ್ ಬಂತು, ಪಾಸಾದೆ. ಅಪ್ಪ ಮದುವೆಯ ಮಾತೆತ್ತಿ ಮಾಮನನ್ನು ಕರೆಸಿದ. ಮಾಮ ಬಂದು ಜಗಲಿಯ ಮೇಲೂ ಕೂರದೆ, ಅಂಗಳದಲ್ಲಿ ನಿಂತೇ ಹೇಳಿದ:

"ಬಾವ, ನನ್ನ ಬಯ್ಯಿ, ಒಡಿ. ನಾನು ಅವಳ್ನ ಎಗಲ ಮೇಲೆ ಒತ್ತು ಆಡ್ಸಿದೋನು. ಕಟ್ಕೊಳ್ಳೋ ಮನ್ಸು ಅವತ್ತೂ ಇರ್ಲಿಲ್ಲ, ಇವತ್ತೂ ಇಲ್ಲ. ಅವತ್ತು ಅಂಗೆ ಅನ್ದೇ ಓಗಿದ್ರೆ ನೀನು ಓದಿಸ್ತಿದ್ಯಾ? ಬೇರೆ ಯಾರಿಗೋ ಕೊಟ್ಬಿಡ್ತಿದ್ದೆ."

ಆಗ ಆದ ಜಗಳವನ್ನು ಇಡೀ ಊರು ಕೇಳಿತು. ಮಾತು ಕೊಟ್ಟು ಮಗಳ ಹೆಸರು ಕೆಡಿಸಿದ ಎಂದು ಅಪ್ಪ ಕೂಗಾಡಿದ, ಇನ್ನು ಈ ಮನೆ ಮೆಟ್ಟಿಲು ತುಳಿಯಬೇಡ ಎಂದ. ಮಗನ ಬೆನ್ನಿಗೆ ನಿಲ್ಲಬೇಕೋ ಅವನನ್ನು ಬೈಯಬೇಕೋ ತಿಳಿಯದೆ, ಅಲ್ಲಿಯ ತನಕ ನಮ್ಮಲ್ಲೇ ಉಳಿದಿದ್ದ ಅಜ್ಜಿ ಗೋಳಾಡಿದಳು. ಕಡೆಗೆ ಅವನ ಹಿಂದೆಯೇ ಬಟ್ಟೆ ಗಂಟು ಎತ್ತಿಕೊಂಡು ಹೊರಟಳು. ಬಾಗಿಲಲ್ಲಿ ನಿಂತಿದ್ದ ನನ್ನ ಕಡೆ ಮಾಮ ಒಮ್ಮೆ ನೋಡಿ, ಕತ್ತು ಆಡಿಸಿದ. ಹೋಗು, ಓದು ಎಂಬಂತೆ. ಎರಡು ವರ್ಷ ಅವನ ಮೇಲೆ ಮುನಿಸಿಕೊಂಡಿದ್ದ ನನಗೆ ಅವನು ಏನು ಮಾಡಿದ್ದನೆಂದು ಅರ್ಥವಾದದ್ದು ಆಗ. ಅಷ್ಟರಲ್ಲಿ ಅವರು ಬದು ದಾಟಿದ್ದರು. ಅಂದು ರಾತ್ರಿ ಊಟಕ್ಕೆ ಕೂತ ಅಪ್ಪನಿಗೆ ಅವ್ವ, "ಅವಳು ಓದ್ಲಿ. ಇನ್ನು ಯಾರ ಕಾಲೂ ಇಡ್ಯೋದು ಬ್ಯಾಡ," ಎಂದಳು. ಅವಳು ಅವನಿಗೆ ಎದುರು ಹೇಳಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ಅಪ್ಪ ಕೈ ತೊಳೆದು ಎದ್ದ.

ಓದಿದೆ. ಈಗ ಸೇಲಂನಲ್ಲಿ ಒಂದು ಲ್ಯಾಬಿನಲ್ಲಿ ಕೆಲಸ. ನನಗಿಷ್ಟವಾದವರನ್ನು ಕಟ್ಟಿಕೊಂಡೆ. ಮಗಳು ಬೇಕೆಂದಲ್ಲಿಗೆ ಹೋಗಿ ಬರುತ್ತಾಳೆ. ಯಾವ ಕೋಣೆಯ ಹೊಸ್ತಿಲಿಗೂ ನಾವು ಏನನ್ನೂ ಅಡ್ಡ ಇಟ್ಟಿಲ್ಲ. ಎರಡು ಮನೆಗಳು ಮಾತ್ರ ಮತ್ತೆ ಸೇರಲಿಲ್ಲ. ಮಾಮ ಸಂಕಗಿರಿಯ ಕಡೆ ನೆಲೆಸಿ, ಅಲ್ಲಿಯ ಹೆಣ್ಣನ್ನೇ ಮದುವೆಯಾದ. ಕರೆಯೋಲೆ ಬರಲಿಲ್ಲ. ಸೇಲಂನಿಂದ ಸಂಕಗಿರಿಗೆ ಬಸ್ಸಿನಲ್ಲಿ ಒಂದು ಗಂಟೆಯ ದಾರಿ. ಅಪ್ಪ ಇರುವ ತನಕ ಆ ದಾರಿಯನ್ನು ನಾವು ಯಾರೂ ಹಿಡಿಯಲಿಲ್ಲ. ಆಮೇಲೆ ಹೋಗದಿರುವುದೇ ರೂಢಿಯಾಯಿತು.

ಅಜ್ಜಿ ತೀರಿಕೊಂಡ ಸುದ್ದಿ ಬಂದಾಗ ಅವ್ವನನ್ನು ಕರೆದುಕೊಂಡು ಹೋದೆ. ಅಪರಿಚಿತ ಬೀದಿ, ಪ್ಲಾಸ್ಟಿಕ್ ಕುರ್ಚಿಗಳು. ಅವ್ವ ಒಳಗೆ ಓಡಿ ಅಜ್ಜಿಯ ಕಾಲ ಹತ್ತಿರ ಕುಸಿದಳು. ನಾನು ಬಾಗಿಲಲ್ಲೇ ಉಳಿದೆ. ತಲೆ ನರೆತ, ಹೊಟ್ಟೆ ಬಂದ ಒಬ್ಬರು ಗುಂಪಿನಿಂದ ನನ್ನ ಕಡೆ ಬಂದರು. ಹತ್ತಿರದಿಂದ ನೋಡಿದ ಮೇಲೆ ಮಾಮ ಎಂದು ಗೊತ್ತಾಯಿತು. ಹೇಳಬೇಕೆಂದು ವರ್ಷಗಟ್ಟಲೆ ಮನಸ್ಸಿನಲ್ಲಿ ಜೋಡಿಸಿಟ್ಟಿದ್ದ ಮಾತೆಲ್ಲ ಬಾಯಿಗೆ ಬಂದು ನಿಂತಿತು. ಅವನು ಒಂದು ಕುರ್ಚಿ ಎಳೆದು ನನ್ನ ಮುಂದೆ ಇಟ್ಟ. ಅವನ ಹೆಂಡತಿ, ಮಕ್ಕಳು ನೋಡುತ್ತಿದ್ದರು.

"ವಾಂಗಮ್ಮಾ, ಉಕ್ಕಾರುಂಗ," ಎಂದ. ಬನ್ನಿಯಮ್ಮ, ಕೂತುಕೊಳ್ಳಿ.

ತಮಿಳಿನಲ್ಲಿ, ಬಹುವಚನದಲ್ಲಿ, ದೂರದ ನೆಂಟರಿಗೆ ಹೇಳುವ ಹಾಗೆ. ನಾನು ಕೂತೆ.